ತಟ್ಟಿಯಾಚೆಯ ಉಸ್ತಾದ

ಕಾಗದದ ಗಿರಣಿಯ ಭೋಂಗಾ ಬೆಳಿಗ್ಗೆ ಎಂಟಕ್ಕೆ ಒದರಿತೆಂದರೆ ದಾಂಡೇಲಿಯಲ್ಲಿ ಎರಡು ಪಾಳಿಗಳು ಶುರುವಾಗುತ್ತಿದ್ದವು. ಒಂದು ಗಿರಣಿಯದು, ಊರಿಗೆಲ್ಲ ಗೊತ್ತಿದ್ದದ್ದು. ಇನ್ನೊಂದು ಸಿರಾಜುನ್ನಿಸಾಳದು. ಅದು ಯಾವ ಹಾಜರಿ ಪಟ್ಟಿಯಲ್ಲೂ ಇರಲಿಲ್ಲ.

ಭೋಂಗಾ ನಿಲ್ಲುವಷ್ಟರಲ್ಲಿ ಅವಳು ಕಡೆಯ ರೊಟ್ಟಿಯನ್ನು ಹಂಚಿನಿಂದ ಇಳಿಸಿ, ಕೈ ಒರೆಸಿಕೊಂಡು, ಅಡುಗೆಮನೆಗೂ ಶಾಲೆಗೂ ನಡುವೆ ಕಟ್ಟಿದ್ದ ಬಿದಿರ ತಟ್ಟಿಯ ಮಗ್ಗುಲಿಗೆ ಮಣೆ ಎಳೆದುಕೊಂಡು ಕೂಡುತ್ತಿದ್ದಳು. ತಟ್ಟಿಯ ಆಚೆ, ಒಂದು ಕಾಲಕ್ಕೆ ಸಾಗುವಾನಿ ದಿಮ್ಮಿ ಒಟ್ಟುತ್ತಿದ್ದ ಶೆಡ್ಡಿನಲ್ಲಿ, ಆರು ಜನ ಪರದೇಶದ ತರುಣರು ಚಾಪೆಯ ಮೇಲೆ ಚಕ್ಕಳಬಕ್ಕಳ ಹಾಕಿ ಕೂತಿರುತ್ತಿದ್ದರು. ಮೊಂಬಾಸಾದವರು ಮೂವರು, ಮಾಲ್ದೀವಿನವರು ಇಬ್ಬರು, ಸಿಲೋನಿನವನೊಬ್ಬ. ಅವರ ಎದುರು ಕುರ್ಚಿಯ ಮೇಲೆ ಮನ್ಸೂರ ಮಾಸ್ತರ. ಅವನು ಹಾಜರಿ ಕರೆಯುತ್ತಿದ್ದ. ಹಾಜರಿ ಮುಗಿದ ಮೇಲೆ ಕೆಮ್ಮುತ್ತಿದ್ದ. ಆ ಕೆಮ್ಮು ಕೇಳಿದೊಡನೆ ಸಿರಾಜುನ್ನಿಸಾ ಪಾಠ ಶುರು ಮಾಡುತ್ತಿದ್ದಳು.

ಅರಬ್ಬಿ ಕಲಿಯಲು ಸಮುದ್ರ ದಾಟಿ ದಾಂಡೇಲಿಗೆ ಯಾಕೆ ಬರಬೇಕು ಎಂದು ಚಹಾದಂಗಡಿಯಲ್ಲಿ ನಗುವವರಿದ್ದರು. ನಗಲಿ. ಪುಸ್ತಕದ ಅರಬ್ಬಿ ಹೇಳಿಕೊಡುವವರು ಎಲ್ಲ ಕಡೆಗೂ ಸಿಗುತ್ತಾರೆ. ಬಂದರಿನ ವ್ಯಾಪಾರಿ ಅವಸರದಲ್ಲಿ ಗೀಚಿದ ಪತ್ರವನ್ನು ಓದಿ, ಅದೇ ಧಾಟಿಯಲ್ಲಿ ಉತ್ತರ ಬರೆಯಲು ಕಲಿಸುವವರು ಸಿಗುವುದಿಲ್ಲ. ಸಿರಾಜುನ್ನಿಸಾಳ ತಂದೆ ದಾವಲಸಾಬರು ಹತ್ತೊಂಬತ್ತು ವರ್ಷ ಬಸ್ರಾ ಬಂದರಿನಲ್ಲಿ ಪತ್ರ ಬರೆದುಕೊಡುವ ಕೆಲಸ ಮಾಡಿ ಬಂದವರು. ಕಾರವಾರದಿಂದ ಹಡಗಿಗೆ ಸಾಗುವಾನಿ ಹಾಕುತ್ತಿದ್ದ ಅಬ್ದುಲ್ ಕರೀಮ ಸೇಠರು ಅವರ ಹೆಸರಿನ ಮೇಲೆ, ತಮ್ಮ ಹಳೆಯ ಶೆಡ್ಡಿನಲ್ಲಿ ಈ ಭಾಷಾ ಶಾಲೆ ತೆರೆದಿದ್ದರು. ಸೇಠರ ಜೊತೆ ವ್ಯವಹಾರವಿದ್ದ ಮನೆತನಗಳು ತಮ್ಮ ಹುಡುಗರನ್ನು ಎರಡು ವರ್ಷದ ಕಲಿಕೆಗೆ ಇಲ್ಲಿಗೆ ಕಳಿಸುತ್ತಿದ್ದವು.

ಈ ತಂಡ ಬಂದು ಎರಡು ತಿಂಗಳೂ ಆಗಿರಲಿಲ್ಲ, ದಾವಲಸಾಬರಿಗೆ ಲಕ್ವಾ ಹೊಡೆಯಿತು. ಬಲಗೈ ಬಿದ್ದುಹೋಯಿತು, ಮಾತು ನಿಂತಿತು. ಸೇಠರು ಹುಬ್ಬಳ್ಳಿಯಿಂದ ತಮ್ಮ ಅಳಿಯ ಮನ್ಸೂರನನ್ನು ಕರೆಸಿ ಕುರ್ಚಿಗೆ ಕೂಡಿಸಿದರು. ಮೊದಲನೆಯ ದಿನವೇ ಮನ್ಸೂರ ಒಂದು ಪತ್ರವನ್ನು ತಪ್ಪು ಓದಿದ. ಅಡುಗೆಮನೆಯಲ್ಲಿ ಹಿಟ್ಟು ನಾದುತ್ತಿದ್ದ ಸಿರಾಜುನ್ನಿಸಾ ಅಲ್ಲಿಂದಲೇ ತಿದ್ದಿದಳು. ಹುಡುಗರು ದನಿ ಬಂದ ಕತ್ತಲ ಬಾಗಿಲತ್ತ ಹೊರಳಿ ನೋಡಿದರು, ಯಾರೂ ಕಾಣಲಿಲ್ಲ. ಎಂಟು ವರ್ಷದವಳಿದ್ದಾಗಿನಿಂದ ತಂದೆಯ ಹೊರಸಿನ ಪಕ್ಕದಲ್ಲಿ ಅಕ್ಕಿ ಆರಿಸುತ್ತ, ಅವರು ಬೇರೆಯವರಿಗೆ ಹೇಳಿಕೊಟ್ಟದ್ದನ್ನೆಲ್ಲ ಅವಳು ಗಂಟಲಲ್ಲಿ ಇಳಿಸಿಕೊಂಡಿದ್ದಳು. ಅದು ಆ ದಿನ ಹೊರಗೆ ಬಂತು.

ಸೇಠರು ವಿಚಾರ ಮಾಡಿದರು. ಮರುದಿನ ಜೋಯಿಡಾ ಕಡೆಯ ಬಿದಿರಿನ ತಟ್ಟಿಯೊಂದು ಬಂತು. "ದನಿ ಬರಲಿ, ಮಾರಿ ಬ್ಯಾಡ," ಎಂದರು ಸೇಠರು.

ಅಂದಿನಿಂದ ಒಂದು ವರ್ಷ ಹತ್ತು ತಿಂಗಳು ಅವಳು ದನಿಯಾಗಿ ಬದುಕಿದಳು. ದನಿ ಮತ್ತು ಒಂದು ಕೈ. ತಟ್ಟಿಯಲ್ಲಿ ಮೊಣಕೈ ಮಟ್ಟಕ್ಕೆ ಒಂದು ಗೇಣಿನ ಕಿಂಡಿ ಇತ್ತು. ಹುಡುಗರು ಪಾಟಿಯ ಮೇಲೆ ಬರೆದದ್ದನ್ನು ಅದರಲ್ಲಿ ತೂರಿಸುತ್ತಿದ್ದರು. ತಿದ್ದಿದ ಪಾಟಿಯ ಜೊತೆ ಹಂಚು ತಾಗಿ ಸುಟ್ಟ ಕಲೆಯಿದ್ದ ಒಂದು ಹೆಬ್ಬೆರಳು ಹೊರಗೆ ಬಂದು ಒಳಗೆ ಹೋಗುತ್ತಿತ್ತು. ಮೊದಲ ಮೂರು ತಿಂಗಳು ಅವಳು ಪುಸ್ತಕ ಮುಟ್ಟಿಸಲಿಲ್ಲ. ಉಪ್ಪು, ಹಗ್ಗ, ಮೊಳೆ, ಮೆಣಸು, ಸಾಗುವಾನಿ ಚಕ್ಕೆ, ಹೀಗೆ ಒಂದೊಂದನ್ನೇ ಕಿಂಡಿಯಿಂದ ಆಚೆ ಕೊಟ್ಟು ಅದರ ಹೆಸರು, ಬೆಲೆ ಕೇಳುವ ಮಾತು, ಜಗಳದ ಮಾತು ಕಲಿಸಿದಳು. "ಜಗಳ ಆಡಾಕ ಬರದಿದ್ದಾವಗ ಬಂದರದಾಗ ಕೆಲಸಿಲ್ಲ," ಎಂಬುದು ಅವಳ ತಂದೆಯ ಮಾತು. ತಂದೆಯ ಹಾಗೆಯೇ ಅವಳೂ ಬೆರಳಗೆಣ್ಣಿನಿಂದ ತಟ್ಟುತ್ತಿದ್ದಳು. ಒಂದು ತಟ್ಟಿದರೆ ನಿಲ್ಲು, ಎರಡು ತಟ್ಟಿದರೆ ಓದು, ಇಲ್ಲವೇ ಓದಿದ್ದನ್ನೇ ಮತ್ತೆ ಓದು.

ಪರೀಕ್ಷೆಗೆ ನಾಲ್ಕು ದಿನ ಉಳಿದಿದ್ದಾಗ ಕಿಂಡಿಯಿಂದ ಮೊಂಬಾಸಾದ ಸಾಲಿಮನ ಪಾಟಿ ಬಂತು. ಅದರ ಮೇಲೆ ಪಾಠ ಇರಲಿಲ್ಲ. ಅರಬ್ಬಿಯಲ್ಲಿ ಬರೆದಿದ್ದ: 'ಸನದಿನಲ್ಲಿ ನಮ್ಮ ಗುರು ಮನ್ಸೂರ ಎಂದು ಸೇಠರು ಬರೆಸಿದ್ದಾರೆ. ಹಾಗೆಂದು ಬಾಯಿಪಾಠ ಮಾಡಲು ಹೇಳಿದ್ದಾರೆ. ಏನು ಮಾಡಬೇಕು?'

ಸಿರಾಜುನ್ನಿಸಾ ಆ ಸಾಲನ್ನು ಎರಡು ಸಲ ಓದಿದಳು.

ಈ ಶಾಲೆಯ ಸನದು ಬರೀ ಪಾಸಾದ ಕಾಗದವಲ್ಲ. ನಾನು ಯಾರ ಬಾಯಿಂದ ಕೇಳಿ ಕಲಿತೆ, ಅವರು ಯಾರ ಬಾಯಿಂದ ಕೇಳಿದರು, ಅವರಿಗಿಂತ ಮೊದಲಿನವರು ಯಾರು ಎಂಬ ಹೆಸರುಗಳ ಸರಪಳಿ ಅದು. ಪರೀಕ್ಷೆಯ ದಿನ ಗುರು ಪರೀಕ್ಷಕರ ಎದುರು ಒಂದು ಪತ್ರ ಓದಬೇಕು, ಶಿಷ್ಯ ಹಿಂದಿನಿಂದ ಓದಬೇಕು, ಆಮೇಲೆ ಎದ್ದು ನಿಂತು ಸರಪಳಿ ಹೇಳಬೇಕು. ಅದರಲ್ಲಿ ಹೆಸರಿದ್ದವರಿಗೆ ಮಾತ್ರ ಮುಂದೆ ಕಲಿಸುವ ಹಕ್ಕು. ಹೆಸರಿಲ್ಲದವರು ಎಷ್ಟೇ ಕಲಿತಿರಲಿ, ಕಲಿಸಿರಲಿ, ಇರಲೇ ಇಲ್ಲ ಎಂದು ಅರ್ಥ.

ಅವಳು ಪಾಟಿ ಒರೆಸಿ ಹಾಗೆಯೇ ವಾಪಸು ಕೊಟ್ಟಳು. ಮಧ್ಯಾಹ್ನ ಸೇಠರು ಊಟಕ್ಕೆ ಹೋಗುವ ಮುಂಚೆ ಅಂಗಳದಲ್ಲಿ ಅಡ್ಡ ನಿಂತಳು.

"ಚಾಚಾ, ಸನದಿನಾಗ ನನ್ನ ಹೆಸರು ಯಾಕಿಲ್ಲ?"

ಸೇಠರು ನಕ್ಕರು. ಕೆಟ್ಟ ನಗೆಯೇನಲ್ಲ, ಮಗು ಚಂದ್ರ ಬೇಕು ಅಂದಾಗ ನಗುವ ನಗೆ. "ಬೇಟಿ, ನಿನ್ನ ಹೆಸರು ತಗೊಂಡು ಮೊಂಬಾಸಾದ ಮಂದಿ ಏನ ಮಾಡ್ತಾರ? ಮನ್ಸೂರನ ಹೆಸರು ಇರ್ಲಿ. ಶಾಲಿ ನಡೀತೈತಿ, ನಿಮ್ಮಪ್ಪಗ ಔಷಧ ನಡೀತೈತಿ. ಮುಂಡಗೋಡದಾಗ ನಿನಗೊಂದು ಸಂಬಂಧ ನೋಡೀನಿ. ಬಸ್ಸಿನ ಮೆಕ್ಯಾನಿಕ, ಒಳ್ಳೆ ಮನಷ್ಯಾ, ಎರಡು ಸಣ್ಣ ಕೂಸು ಅದಾವ ಅಷ್ಟ."

"ನಾ ಹೋದ ಮ್ಯಾಲೆ ತಟ್ಟಿ ಯಾರು ಮಾತಾಡಸ್ತಾರ?"

"ಹೊಸ ಹುಡುಗರು ಬರೂದ್ರಾಗ ಮನ್ಸೂರ ಕಲ್ತಿರ್ತಾನ. ಮತ್ತ ಕೇಳಿಲ್ಲಿ, ನಿನಗ ನಿಮ್ಮಪ್ಪನ ಸನದ ಎಲ್ಲೈತಿ? ಅವ್ರ ಕೊಟ್ಟಿಲ್ಲ, ನಾ ಏನ ಕೊಡ್ಲಿ?"

ಆ ಮಾತು ಅವಳನ್ನು ನೆಟ್ಟಗೆ ಹೊಡೆಯಿತು. ಯಾಕೆಂದರೆ ಅದು ನಿಜ. ದಾವಲಸಾಬರು ಹದಿನೇಳು ಗಂಡಸರಿಗೆ ತಮ್ಮ ಮುತ್ತಿನಂಥ ಅಕ್ಷರದಲ್ಲಿ ಸನದು ಬರೆದುಕೊಟ್ಟಿದ್ದರು. ಮಗಳಿಗೆ ಬರೆಯಬೇಕು ಎಂದು ಅವರಿಗೆ ಹೊಳೆದೇ ಇರಲಿಲ್ಲ. ಈಗ ಬರೆಯುವ ಕೈ ಇಲ್ಲ, ಹೇಳುವ ಬಾಯಿ ಇಲ್ಲ.

ಸಂಜೆ ಯಲ್ಲವ್ವ ಬಂದಳು. ಸವದತ್ತಿ ಕಡೆಯವಳು, ಗಿರಣಿಗೆ ಬಿದಿರು ತರಿಸುವ ಗುತ್ತಿಗೆದಾರನ ಕೈಯಲ್ಲಿ ಬಿದಿರು ಹೊರುವ ಕೆಲಸ. ಶಾಲೆಯ ಹಿತ್ತಲಿಗೆ ಹತ್ತಿಕೊಂಡೇ ಅವಳ ಗುಡಿಸಲು. ಹುಡುಗರಿಗೆ ಖಾರಬ್ಯಾಳಿ ತಂದುಕೊಟ್ಟು, ಅವರ ಜೊತೆ ಹರಟೆ ಹೊಡೆದು, ಸಾಲಿಮನಿಗೆ ತನ್ನ ಸೀಮೆಯ ಕನ್ನಡ ಕಲಿಸಿದ್ದೂ ಅವಳೇ. ಸಾಲಿಮ "ಯಕ್ಕಾ, ಉಳ್ಳಾಗಡ್ಡಿ ಐತೇನ?" ಎಂದು ಕೇಳಿದರೆ ದಾರಿಯಲ್ಲಿ ಹೋಗುವವರು ನಿಂತು ನೋಡುತ್ತಿದ್ದರು.

ಸಿರಾಜುನ್ನಿಸಾ ಎಲ್ಲ ಹೇಳಿದಳು. ಯಲ್ಲವ್ವ ಎಲೆಯಡಿಕೆ ಉಗುಳಿ ಕೇಳಿದಳು. "ಅಳಾಕತ್ತೀಯೇನ ತಂಗಿ?"

"ಇಲ್ಲಕ್ಕ. ಸಿಟ್ಟು ಬಂದೈತಿ."

"ಹಂಗಿದ್ರ ಛಲೋ ಆತು. ಸಿಟ್ಟು ಕೆಲಸಕ್ಕ ಬರ್ತೈತಿ, ಅಳು ಬರೂದಿಲ್ಲ. ಹೋದ ವರ್ಸ ನಮಗೂ ಹಿಂಗ ಆತು. ಬಿದಿರು ಹೊರಾವ್ರು ನಾವು, ಹಾಜರಿಯೊಳಗ ಹೆಸರು ಗಂಡಂದಿರದು. ನನ್ನ ಗಂಡ ಸತ್ತು ಆರು ವರ್ಸ ಆಗೇತಿ, ಗುತ್ತಿಗಿದಾರನ ಪಟ್ಟಿಯೊಳಗ ದಿನಾ ಕೆಲಸಕ್ಕ ಬರ್ತಿದ್ದ ನೋಡು! ಬದುಕಿದ್ದಾಗ ಒಂದಿನಾ ಅಷ್ಟ ನೆಟ್ಟಗ ಬರ್ಲಿಲ್ಲ."

ಸಿರಾಜುನ್ನಿಸಾಳಿಗೆ ನಗೆ ತಡೆಯಲಾಗಲಿಲ್ಲ. "ಆಮ್ಯಾಲೆ ಏನ ಮಾಡಿದ್ರಿ?"

"ಏನೂ ಮಾಡ್ಲಿಲ್ಲ. ಭೋಂಗಾ ಆತು, ಕುಂತೇ ಬಿಟ್ವಿ. ಬೈದ, ಕುಂತ್ವಿ. ಕೈ ಮುಗದ, ಕುಂತ್ವಿ. ಮೂರನೇ ದಿವಸ ಪಟ್ಟಿ ತಂದು, 'ಹೆಸರು ಹೇಳ್ರವ್ವಾ' ಅಂದ. ಅವರಿಗೆ ನಮ್ಮ ಮಾರಿ ಬ್ಯಾಡ, ಹೆಸರು ಬ್ಯಾಡ, ಬೆನ್ನು ಬೇಕು. ನಿನ್ನ ಕಡೆಯಿಂದ ಅವರಿಗೆ ಏನ ಬೇಕು, ನೋಡ್ಕೊ. ಅದನ್ನ ತಡದು ಹಿಡಿ."

ಪರೀಕ್ಷೆಯ ದಿನ ಬಂತು. ಬಿಜಾಪುರದಿಂದ ಮುರ್ತುಜಾ ಸಾಹೇಬರು ಪರೀಕ್ಷಕರಾಗಿ ಬಂದರು. ಎಪ್ಪತ್ತು ದಾಟಿದ, ದಪ್ಪ ಗಾಜಿನ ಚಾಳೀಸಿನ ಪಂಡಿತರು. ಅವರ ಮೊಹರು ಬಿದ್ದ ಸನದನ್ನು ಎಲ್ಲ ಬಂದರುಗಳ ವ್ಯಾಪಾರಿಗಳೂ ನಂಬುತ್ತಿದ್ದರು. ಊರಿನ ಒಂದಿಷ್ಟು ಹಿರಿಯರು ಬಂದು ಕೂತರು. ದಾವಲಸಾಬರ ಹೊರಸನ್ನೂ ತಂದು ಬಾಗಿಲ ಬಳಿ ಇಟ್ಟರು. ಗಿರಣಿಯ ದಪ್ಪ ಕಾಗದದ ಮೇಲೆ ಬರೆದ ಆರು ಸನದುಗಳು ಮೇಜಿನ ಮೇಲಿದ್ದವು. ಸೇಠರು ಅಡುಗೆಮನೆಯತ್ತ ಹಣಿಕಿ ಹಾಕಿ ಪಿಸುಗುಟ್ಟಿದರು. "ಬೇಟಿ, ಮನ್ಸೂರ ಪತ್ರ ಕಿಂಡಿಗೆ ಕಾಣೂ ಹಂಗ ಹಿಡೀತಾನ, ನೀ ಸಣ್ಣ ದನೀಲೆ ಓದು. ಅವ ತುಟಿ ಹಂದಸ್ತಾನ."

ಸಿರಾಜುನ್ನಿಸಾ ಹಿಟ್ಟಿನ ಮುಂದೆ ಕೂತಿದ್ದಳು. ತಲೆ ಎತ್ತಲಿಲ್ಲ.

ಮುರ್ತುಜಾ ಸಾಹೇಬರು ಜೇಬಿನಿಂದ ಮಡಿಕೆ ಬಿದ್ದ ಪತ್ರವೊಂದನ್ನು ತೆಗೆದರು. ಯಾವುದೋ ಹಡಗು ನಡೆಸುವ ನಾಖುದನ ಕೈಬರಹ. ಸಮುದ್ರದ ಮೇಲೆ ಕೂತು ಬರೆದದ್ದಿರಬೇಕು, ಸಾಲುಗಳು ತೆರೆಯಂತೆ ಏರಿ ಇಳಿದಿದ್ದವು. ಪತ್ರವನ್ನು ಮನ್ಸೂರನ ಕೈಗೆ ಕೊಟ್ಟು, "ಓದ್ರಿ ಮಾಸ್ತರ. ಮೊದಲ ನೀವು, ಹಿಂದ ಹುಡುಗರು," ಎಂದರು.

ಮನ್ಸೂರ ಕೆಮ್ಮಿದ.

ತಟ್ಟಿ ಸುಮ್ಮನಿತ್ತು.

ಮತ್ತೆ ಕೆಮ್ಮಿದ. ಆರು ಜನ ಹುಡುಗರ ಕಣ್ಣು ಎರಡು ವರ್ಷದ ರೂಢಿಯಂತೆ ಅವನನ್ನು ಬಿಟ್ಟು ತಟ್ಟಿಯ ಕಡೆ ಹೊರಳಿತು. ಒಳಗೆ ಸಿರಾಜುನ್ನಿಸಾ ರೊಟ್ಟಿ ತಟ್ಟತೊಡಗಿದಳು. ಪಟ್ ಪಟ್ ಪಟ್. ಆ ಸದ್ದು ಶೆಡ್ಡಿನ ತುಂಬ ಕೇಳಿಸಿತು. ಆ ಹುಡುಗರ ಎರಡು ವರ್ಷ ನೀರಿಗೆ ಹೋದರೆ? ಅಬ್ಬಾನ ಔಷಧ ನಿಂತರೆ? ಬಾಯಿ ತೆರೆಯಲೇ ಎಂದು ಒಮ್ಮೆ ಅನ್ನಿಸಿತು. ತುಟಿ ಕಚ್ಚಿ ಹಿಟ್ಟಿನ ಮೇಲೆ ಅಂಗೈ ಒತ್ತಿದಳು.

"ಗಂಟಲ ಕೆಟ್ಟೈತೇನ್ರಿ?" ಎಂದು ಮೂರನೆಯ ಕೆಮ್ಮಿಗೆ ಮುರ್ತುಜಾ ಸಾಹೇಬರು ಕೇಳಿದರು. "ಬಿಸಿ ನೀರ ತರಸ್ರಿ."

ಯಾರೋ ಮುದುಕ ನಕ್ಕ. ಆಗ ಸಾಲಿಮ ಎದ್ದು ನಿಂತ. ಸಭೆಯಲ್ಲಿ ಮಾತಾಡಬೇಕಾದದ್ದು ಅರಬ್ಬಿಯಲ್ಲಿ. ಆ ಗಡಿಬಿಡಿಯಲ್ಲಿ ಅವನ ಬಾಯಿಗೆ ಬಂದದ್ದು ಯಲ್ಲವ್ವನ ಕನ್ನಡ.

"ಸಾಹೇಬ್ರ, ಮಾಸ್ತರಗ ಏನೂ ಆಗಿಲ್ರಿ. ನಮ್ಮ ಉಸ್ತಾದ ಇವತ್ತ ಕೆಲಸ ಬಂದ್ ಮಾಡ್ಯಾರ್ರಿ."

ಹೊರಗೆ ಬಾಗಿಲ ಬಳಿ ಕೂತಿದ್ದ ಯಲ್ಲವ್ವ ಬಾಯಿಗೆ ಸೆರಗು ಒತ್ತಿಕೊಂಡಳು.

"ಯಾವ ಉಸ್ತಾದ?" ಎಂದರು ಮುರ್ತುಜಾ ಸಾಹೇಬರು.

ಸಾಲಿಮ ತಟ್ಟಿಯ ಕಡೆ ಕೈ ತೋರಿಸಿದ. "ಹುಚ್ಚ ಹುಡುಗ, ಕುಂಡ್ರು!" ಎಂದು ಸೇಠರು ಗದರಿದರು. ಸಾಲಿಮ ಕೂಡಲಿಲ್ಲ. ಉಳಿದ ಐವರೂ ಎದ್ದರು. ಕುರ್ಚಿಯ ಮೇಲಿದ್ದ ಮನ್ಸೂರ ಪತ್ರವನ್ನು ಮೆಲ್ಲಗೆ ಮಡಚಿದ. ಅವನು ಕೆಟ್ಟವನಲ್ಲ, ಮಾವ ಕೂಡಿಸಿದ ಕುರ್ಚಿ ಬಿಟ್ಟು ಏಳಲು ಎರಡು ವರ್ಷ ಹಿಡಿಯಿತು, ಅಷ್ಟೆ. ಈಗ ಎದ್ದ.

"ಸಾಹೇಬ್ರ, ನಾ ಹಾಜರಿ ಕರದೇನಿ," ಎಂದ. "ಕಲಸಿದ್ದು ತಟ್ಟಿ ಹಿಂದಿನ ಆಪಾ. ನಾನೂ ಅವರ ಕಡೆನ ಕಲೀತಿದ್ದೆ, ಕುರ್ಚಿ ಮ್ಯಾಲೆ ಕುಂತು."

ಮುರ್ತುಜಾ ಸಾಹೇಬರು ಚಾಳೀಸು ತೆಗೆದು, ಒರೆಸಿ, ಮತ್ತೆ ಹಾಕಿಕೊಂಡರು. "ಹಂಗಿದ್ರ ಆಕೀನ್ನ ಕರೀರಿ."

ತಟ್ಟಿ ಸರಿಯಿತು.

ಸಿರಾಜುನ್ನಿಸಾ ಹೊರಗೆ ಬಂದಳು. ತಲೆಯ ಮೇಲೆ ಸೆರಗು, ಮೊಣಕೈವರೆಗೆ ಜೋಳದ ಹಿಟ್ಟು. ಎರಡು ವರ್ಷ ಪಾಠ ಹೇಳಿದವಳ ಮುಖವನ್ನು ಆ ಹುಡುಗರು ಮೊದಲ ಸಲ ಕಂಡದ್ದು ಹಾಗೆ. ಇಷ್ಟು ಸಣ್ಣ ವಯಸ್ಸಿನವಳು ಎಂದು ಅವರು ಎಣಿಸಿರಲಿಲ್ಲ. ಸಿಲೋನಿನವನು ಅವಳ ಹೆಬ್ಬೆರಳ ಸುಟ್ಟ ಕಲೆ ನೋಡಿ, ಗುರುತು ಹಿಡಿದವನಂತೆ ತಲೆ ಬಾಗಿಸಿದ.

"ಕೆಲಸ ಯಾಕ ಬಂದ್ ಮಾಡಿದಿ ಬೇಟಿ?" ಎಂದರು ಮುರ್ತುಜಾ ಸಾಹೇಬರು.

"ಎರಡು ವರ್ಷ ದನಿ ಕೊಟ್ಟೇನ್ರಿ ಸಾಹೇಬ್ರ. ಮೊನ್ನೆ ಹೆಸರು ಕೇಳಿದೆ. ಹೆಸರು ಇಲ್ಲಂದ್ರು. ಹೆಸರಿಲ್ಲದಾಕೀಗೆ ದನಿ ಎಲ್ಲಿಂದ ಬರಬೇಕು?"

ಸೇಠರು ಎದ್ದರು. "ಸಾಹೇಬ್ರ, ನೀವ ಹೇಳ್ರಿ. ಹೆಂಗಸಿನ ಹೆಸರು ಸನದಿನಾಗ..."

"ಹಳೇ ಸನದ ತಗದು ನೋಡ್ರಿ ಸೇಠಜಿ, ಹೆಂಗಸರ ಹೆಸರು ಎಷ್ಟೋ ಅದಾವ. ಅವರಿಂದ ಕೇಳಿ ಕಲ್ತವರು ದೊಡ್ಡ ದೊಡ್ಡ ಪಂಡಿತರಾಗ್ಯಾರ. ಅದು ತೊಡಕಲ್ಲ." ಮುರ್ತುಜಾ ಸಾಹೇಬರು ಅವಳ ಕಡೆ ತಿರುಗಿದರು. "ತೊಡಕು ಬ್ಯಾರೆ ಐತಿ. ನಿನಗ ಸನದ ಕೊಟ್ಟವರು ಯಾರು? ಅದಿಲ್ಲದ ಸರಪಳಿ ಕೂಡೂದಿಲ್ಲ ನೋಡು."

"ಅದನ್ನ ನಾನೂ ಹೇಳಿದ್ದು!" ಎಂದರು ಸೇಠರು. ಅವರ ದನಿಗೆ ಜೀವ ಬಂದಿತ್ತು.

ಸಿರಾಜುನ್ನಿಸಾ ನೇರವಾಗಿ ಹೊರಸಿನ ಬಳಿ ಹೋಗಿ ತಂದೆಯ ಎದುರು ಕೂತಳು. ಎರಡು ವರ್ಷ ಉಣಿಸಿದ್ದಳು, ತೊಳೆದಿದ್ದಳು, ಮಗ್ಗಲು ಹೊರಳಿಸಿದ್ದಳು. ಈ ಪ್ರಶ್ನೆ ಮಾತ್ರ ಕೇಳಿರಲಿಲ್ಲ.

"ಅಬ್ಬಾ, ಹದಿನೇಳು ಮಂದಿಗೆ ಬರದುಕೊಟ್ರಿ. ನಿಮ್ಮ ಮಗ್ಗಲದಾಗ ಕುಂತಾಕಿ ನಿಮ್ಮ ಕಣ್ಣಿಗೆ ಬೀಳಲಿಲ್ಲ. ಇರ್ಲಿ, ಅದರ ಜಗಳ ಆಮ್ಯಾಲೆ ಆಡೂಣು. ಈಗ ಹೇಳ್ರಿ. ನಾ ನಿಮ್ಮ ಬಾಯಿಂದ ಕೇಳಿ ಕಲ್ತೆನೋ, ಇಲ್ಲೋ?"

ದಾವಲಸಾಬರ ಎಡಗೈ ಮೆಲ್ಲಗೆ ಹೊರಸಿನ ಚೌಕಟ್ಟಿನ ಮೇಲೆ ಹರಿದು ಬಂತು. ಬೆರಳಗೆಣ್ಣು ಕಟ್ಟಿಗೆಗೆ ಬಡಿಯಿತು. ಎರಡು ಸಲ.

ಎರಡು ತಟ್ಟಿದರೆ ಓದು.

ಅವಳು ಕೈ ಒರೆಸಿಕೊಳ್ಳಲಿಲ್ಲ. ಮನ್ಸೂರನ ಕೈಯಿಂದ ಪತ್ರ ತೆಗೆದುಕೊಂಡು, ಹಿಟ್ಟು ಮೆತ್ತಿದ ಬೆರಳಲ್ಲೇ ಹಿಡಿದು ಓದತೊಡಗಿದಳು. ನಾಖುದ ಬೈದದ್ದನ್ನು ಬೈಗುಳವಾಗಿ, ಅತ್ತದ್ದನ್ನು ಅಳುವಾಗಿ ಓದಿದಳು. ಅವನ ಖರ್ಜೂರಕ್ಕೆ ನೀರು ಹೊಕ್ಕಿತ್ತು, ಹಾಯಿ ಕಟ್ಟುವ ಕೂವೆಮರ ಮುರಿದಿತ್ತು, ಹೊಸ ಮರ ಕಳಿಸಬೇಕಾಗಿದ್ದ ವ್ಯಾಪಾರಿಯ ಅಪ್ಪ ಅಜ್ಜಂದಿರನ್ನೆಲ್ಲ ಅವನು ನೆನೆಸಿಕೊಂಡಿದ್ದ. ವಾಕ್ಯ ಮುಗಿಯುವಲ್ಲೆಲ್ಲ ಹೊರಸಿನ ಮೇಲೆ ಒಂದು ತಟ್ಟು ಬಿತ್ತು. ಅವಳು ನಿಲ್ಲುವುದಕ್ಕೂ ಅದು ಬೀಳುವುದಕ್ಕೂ ಕೂದಲೆಳೆಯ ಅಂತರವೂ ಇರಲಿಲ್ಲ. ಒಂದೇ ಒಂದು ಕಡೆ ಎರಡು ತಟ್ಟು ಕೇಳಿತು. ಅವಳು ಹಿಂದಕ್ಕೆ ಹೋಗಿ ಆ ಸಾಲನ್ನು ತಿದ್ದಿ ಓದಿದಳು. ಮುರ್ತುಜಾ ಸಾಹೇಬರು ಮುಂದಕ್ಕೆ ಬಗ್ಗಿ ಕೂತಿದ್ದರು. ಪತ್ರ ಮುಗಿದಾಗ ಹಡಗಿನವನ ಬೈಗುಳಕ್ಕೆ ಅವರು ನಗುತ್ತಿದ್ದರು. ಕಣ್ಣಲ್ಲಿ ನೀರೂ ಇತ್ತು.

"ಗುರು ಶಿಷ್ಯೆನ್ನ ಎಲ್ಲಾರೆದುರು ತಿದ್ದ್ಯಾರ," ಎಂದರು. "ನನಗ ಇನ್ನ ಅನುಮಾನಿಲ್ಲ. ಆದ್ರ ಕಾಗದಕ್ಕ ಅವರ ಕೈ ಬೇಕಲ್ಲ?"

"ಬಲಗೈ ಬಿದ್ದೈತ್ರಿ. ಬರೀಲಿಕ್ಕೆ ಆಗೂದಿಲ್ಲ," ಎಂದರು ಸೇಠರು.

"ಬರೀಲಿಕ್ಕೆ ಆಗದಿದ್ರ ಏನಾತ್ರಿ?" ಬಾಗಿಲಿನಿಂದ ದನಿ ಬಂತು. ಯಲ್ಲವ್ವ ಎದ್ದು ನಿಂತಿದ್ದಳು. "ನಾವು ಬಿದಿರ ಹೊರಾವ್ರು ನಾಕು ನೂರು ಮಂದಿ ಅದೇವಿ. ಒಬ್ಬರಿಗೂ ಬರೀಲಿಕ್ಕೆ ಬರೂದಿಲ್ಲ. ಹೆಬ್ಬಟ್ಟು ಒತ್ತಿದ್ರ ಸರಕಾರ ಒಪ್ಪತೈತಿ. ಉಸ್ತಾದರ ಎಡಗೈ ನೆಟ್ಟಗ ಐತಲ್ರಿ, ಒತ್ತಲಿ."

ಸಭೆಯಲ್ಲಿ ಗುಸುಗುಸು ಎದ್ದಿತು. ಮುತ್ತಿನಂಥ ಅಕ್ಷರದ ದಾವಲಸಾಬರು, ಬಸ್ರಾ ಬಂದರಿನಲ್ಲಿ ಅಕ್ಷರಕ್ಕೇ ಹೆಸರಾದವರು, ಅಕ್ಷರ ಬಾರದವರ ಹಾಗೆ ಹೆಬ್ಬಟ್ಟು ಒತ್ತುವುದೇ? ಸೇಠರು ಬಾಯಿ ಬಿಟ್ಟು ಅದನ್ನೇ ಹೇಳಿದರು. ಅವರ ಮಾತು ಮುಗಿಯುವುದರೊಳಗೆ ದಾವಲಸಾಬರ ಎಡಗೈ ಮೇಲೆದ್ದಿತು. ಹೆಬ್ಬೆರಳು ಚಾಚಿ ನಿಂತಿತು. ಆ ಹೆಬ್ಬೆರಳನ್ನು ಊರಿನ ಹಿರಿಯರೆಲ್ಲ ನೋಡಿದರು.

ಮಸಿಯ ಡಬ್ಬಿ ಹುಡುಕಲು ಮನ್ಸೂರ ಓಡಿದ. ಅಷ್ಟರಲ್ಲಿ ಯಲ್ಲವ್ವ ಅಡುಗೆಮನೆಗೆ ಹೋಗಿ ರೊಟ್ಟಿಯ ಹಂಚನ್ನು ಬೋರಲು ಹಿಡಿದುಕೊಂಡು ಬಂದಳು. ಎರಡು ವರ್ಷದ ಮಸಿ ಅದರ ಬೆನ್ನಿನ ಮೇಲಿತ್ತು. ಸಿರಾಜುನ್ನಿಸಾ ನಾಲ್ಕು ಹನಿ ಎಣ್ಣೆ ಬಿಟ್ಟು ತಂದೆಯ ಬೆರಳನ್ನು ಅದರ ಮೇಲೆ ಉರುಳಿಸಿದಳು. ಮುರ್ತುಜಾ ಸಾಹೇಬರು ತಮ್ಮ ಕೈಯಾರೆ ಒಂದು ಸನದು ಬರೆದರು. ದಾವಲಸಾಬರ ಮಗಳು ಸಿರಾಜುನ್ನಿಸಾ ತನ್ನ ತಂದೆಯ ಬಾಯಿಂದ ಕೇಳಿ ಕಲಿತಳು, ಎಂದು. ಅದರ ಕೆಳಗೆ ಹೆಬ್ಬೆರಳು ಬಿತ್ತು. ಕಪ್ಪಗೆ, ಒಂದು ಗೆರೆಯೂ ಮಾಸದೆ.

ಕಾಡಿನ ಬಿದಿರು ತಟ್ಟಿಯಾಗಿ ಅವಳ ಮುಖ ಮುಚ್ಚಿತ್ತು. ಅದೇ ಬಿದಿರು ಅರೆದು ಹಾಳೆಯಾಗಿ ಅವಳ ಹೆಸರು ಹೊತ್ತಿತು. ಬಿದಿರಿನದು ಏನು ತಪ್ಪು? ಅದನ್ನು ಯಾರು ಏನಕ್ಕೆ ಹಚ್ಚುತ್ತಾರೆ ಎಂಬುದೇ ಕೇಳಬೇಕಾದ ಮಾತು.

ಮೇಜಿನ ಮೇಲಿದ್ದ ಆರೂ ಸನದುಗಳನ್ನು ಮುರ್ತುಜಾ ಸಾಹೇಬರು ಹರಿದರು. ಹೊಸದಾಗಿ ಬರೆದರು. ಆರೂ ಹುಡುಗರು ಒಬ್ಬೊಬ್ಬರಾಗಿ ಎದ್ದು, ಅವಳು ಓದಿದ್ದನ್ನು ಓದಿ, ಸರಪಳಿ ಹೇಳಿದರು. "ನಾನು ಇದನ್ನು ಕೇಳಿದ್ದು ದಾವಲಸಾಬರ ಮಗಳು ಸಿರಾಜುನ್ನಿಸಾಳಿಂದ. ಆಕೆ ಕೇಳಿದ್ದು ತನ್ನ ತಂದೆಯಿಂದ..." ಆರು ಬಾಯಲ್ಲಿ ಆರು ಸಲ ಅವಳ ಹೆಸರು ಆ ಶೆಡ್ಡಿನ ತಗಡಿಗೆ ಬಡಿದು ತಿರುಗಿ ಬಂತು. ಇನ್ನು ಕೆಲವೇ ದಿನಕ್ಕೆ ಅದು ಕಾರವಾರದಲ್ಲಿ ಹಡಗು ಹತ್ತಲಿತ್ತು. ಸೇಠರು ತಲೆ ತಗ್ಗಿಸಿ ಕೂತಿದ್ದರು. ಆರನೆಯವನು ಮುಗಿಸಿದಾಗ ಮಾತ್ರ, ಮೊಂಬಾಸಾದ ಮನೆತನಗಳು ಮುಂದಿನ ವರ್ಷ ಹನ್ನೆರಡು ಹುಡುಗರನ್ನು ಕಳಿಸುವವರಿದ್ದಾರೆ ಎಂದು ಗಂಟಲು ಸರಿಮಾಡಿಕೊಂಡು ಹೇಳಿದರು. "ಶೆಡ್ಡು ಸಾಲೂದಿಲ್ಲ ಚಾಚಾ," ಎಂದಳು ಸಿರಾಜುನ್ನಿಸಾ. "ಅಡಗಿಮನಿ ಬ್ಯಾರೆ ಕಡೆ ಕಟ್ಟಸ್ರಿ. ಮುಂಡಗೋಡಕ್ಕ ಒಂದು ಪತ್ರ ಹಾಕ್ರಿ. ಮೆಕ್ಯಾನಿಕ ಸಾಹೇಬ್ರಿಗೆ ಅರಬ್ಬಿ ಕಲೀಬೇಕಂದ್ರ ಬರಾಕ ಹೇಳ್ರಿ, ಚಾಪಿ ಖಾಲಿ ಐತಿ."

ತಟ್ಟಿಯನ್ನು ಯಲ್ಲವ್ವ ತಲೆಯ ಮೇಲೆ ಹೊತ್ತುಕೊಂಡು ಹೊರಟಳು.

"ಎಲ್ಲಿಗಕ್ಕಾ?"

"ನನ್ನ ಕೋಳಿಗೂಡಿಗೆ ಬಾಗಲಾ ಇಲ್ಲ. ಕೋಳಿಗೆ ಬೇಕಾದ್ರ ಮಾರಿ ಮುಚ್ಚಿಕೊಳ್ಳಲಿ."

ಮಧ್ಯಾಹ್ನದ ಭೋಂಗಾ ಒದರಿತು. ಹುಡುಗರು ಊರಿಗೆ ಹೊರಡಲು ಇನ್ನೂ ಎರಡು ದಿನವಿತ್ತು. ಸಿರಾಜುನ್ನಿಸಾ ಕೈ ತೊಳೆದುಕೊಂಡು ಬಂದು ಕುರ್ಚಿಯ ಎದುರು ನಿಂತಳು. ಒಮ್ಮೆ ಅದರ ಹಿಡಿಕೆ ಮುಟ್ಟಿ ನೋಡಿ ಕೂತಳು. ಮನ್ಸೂರ ಹಾಜರಿ ಪಟ್ಟಿ ತೆರೆದ. ಉಸ್ತಾದ ಎಂದಿದ್ದಲ್ಲಿ ತನ್ನ ಹೆಸರು ಹೊಡೆದು ಅವಳ ಹೆಸರು ಬರೆದ. ಆರು ಹೆಸರು ಕರೆದ. ಆಮೇಲೆ ಪಟ್ಟಿಯ ಕೊನೆಗೆ ಏಳನೆಯ ಹೆಸರೊಂದನ್ನು ಬರೆದು, ಚಾಪೆಯ ತುದಿಗೆ ಹೋಗಿ ಕೂತು, ತಾನೇ ಕರೆದ.

"ಮನ್ಸೂರ."

"ಹಾಜರ್," ಎಂದು ತಾನೇ ಓಗೊಟ್ಟ.

ಸಿರಾಜುನ್ನಿಸಾ ಕುರ್ಚಿಯ ಹಿಡಿಕೆಯ ಮೇಲೆ ಎರಡು ಸಲ ತಟ್ಟಿದಳು. ಬಾಗಿಲ ಬಳಿಯ ಹೊರಸಿನಿಂದ, ಎಡಗೈಯ ಬೆರಳಗೆಣ್ಣು ಎರಡು ಸಲ ತಟ್ಟಿ ಉತ್ತರ ಕೊಟ್ಟಿತು.